ಪಾತ್ರವು ಹಣಕ್ಕೋ, ಯೋಗ್ಯತೆಗೋ?

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳ ಸೀಮೆಯಲ್ಲಿ ಸುಗ್ಗಿ ಮುಗಿಯಿತೆಂದರೆ ಕುರುಕ್ಷೇತ್ರ ನಾಟಕದ ಹಾರ್ಮೋನಿಯಂ ಮೊಳಗುವುದು. ವಿದ್ಯಾವಂತರೆನಿಸಿದ ನಾವು ಅದಕ್ಕೆ ಮೂಗು ಮುರಿಯುತ್ತೇವೆ. ಪೇಟೆಯ ಹವ್ಯಾಸಿಗಳ ಹೊಸ ನಾಟಕವನ್ನು ಕಂಡು ಹಳ್ಳಿಯವರು ಆಕಳಿಸುತ್ತಾರೆ. ಹಳೆಯದಕ್ಕೂ ಹೊಸದಕ್ಕೂ ಹಾವು ಮುಂಗುಸಿಯ ಸಂಬಂಧವೆಂಬ ಈ ನಂಬಿಕೆ ಸುಳ್ಳು. ಬಿ. ವಿ. ಕಾರಂತರ ಜೀವಿತವೇ ಇದಕ್ಕೆ ಸಾಕ್ಷಿ.

1929ರಲ್ಲಿ ಬಂಟವಾಳದ ಬಳಿಯ ಮಂಚಿಯಲ್ಲಿ ಹುಟ್ಟಿದ ಕಾರಂತರು ಎಳೆಯ ವಯಸ್ಸಿನಲ್ಲಿಯೇ ಮನೆ ಬಿಟ್ಟು ಗುಬ್ಬಿ ವೀರಣ್ಣನವರ ಕಂಪೆನಿಯನ್ನು ಸೇರಿದರು. ವೀರಣ್ಣನವರೇ ಅವರನ್ನು ಕಾಶಿಗೆ ಓದಲು ಕಳುಹಿಸಿದರು. ಅಲ್ಲಿ ಓಂಕಾರನಾಥ ಠಾಕೂರರಲ್ಲಿ ಸಂಗೀತಪಾಠವಾಯಿತು. ಬಳಿಕ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯ ಶಿಕ್ಷಣವಾಯಿತು. 1972ರಲ್ಲಿ ಬೆಂಗಳೂರಿನ ಬಯಲಿನಲ್ಲಿ ಸೋಫೋಕ್ಲಿಸನ ‘ಈಡಿಪಸ್’, ಕಂಬಾರರ ‘ಜೋಕುಮಾರಸ್ವಾಮಿ’, ಲಂಕೇಶರ ‘ಸಂಕ್ರಾಂತಿ’ ಈ ಮೂರನ್ನೂ ಅವರೇ ಆಡಿಸಿದರು. 1979ರಲ್ಲಿ ಷೇಕ್ಸ್‌ಪಿಯರನ ‘ಮ್ಯಾಕ್‌ಬೆತ್’ ಹಿಂದಿಯ ಮಾತನ್ನೂ ಯಕ್ಷಗಾನದ ಹೆಜ್ಜೆಯನ್ನೂ ತೊಟ್ಟು ‘ಬರ್ನಂ ವನ’ವಾಯಿತು. ಕಂಪೆನಿಯ ಹಾಡು ಅವರ ಹೊಸತನಕ್ಕೆ ತೊಡಕಾಗಲಿಲ್ಲ, ಬಂಡವಾಳವಾಯಿತು.

ಹಾಗಾದರೆ ನಮ್ಮ ಹಳ್ಳಿಯ ರಂಗಕ್ಕೆ ತಗುಲಿದ ರೋಗ ಹಳೆಯತನವಲ್ಲ. ಹೆಚ್ಚು ಹಣ ಕೊಟ್ಟವನಿಗೆ ದುರ್ಯೋಧನನ ಕಿರೀಟ ಕೊಡುವ ಪದ್ಧತಿಯೇ ಆ ರೋಗ. ಹಣವಂತರು ಹೆಚ್ಚಾದರೆ ಒಬ್ಬ ಕೃಷ್ಣನು ಒಂದೇ ರಾತ್ರಿಯಲ್ಲಿ ಮೂವರಾಗುತ್ತಾನೆ! ಕಂಠವುಳ್ಳ ಬಡವನು ಪರದೆ ಎಳೆಯುತ್ತಾನೆ. ಮೇಷ್ಟ್ರು ರಾಗ ಕಲಿಸಬಲ್ಲರು. ‘ಈ ಪಾತ್ರ ನಿನಗೆ ಒಪ್ಪದು’ ಎನ್ನಲಾರರು. ಹಾಗೆನ್ನುವ ಅಧಿಕಾರವುಳ್ಳವನೇ ನಿರ್ದೇಶಕ.

‘ಹಣವಿಲ್ಲದೆ ಸೀನರಿ, ವೇಷಗಳ ಬಾಡಿಗೆ ಎಲ್ಲಿಂದ ಬರಬೇಕು?’ ಎಂದು ಕೇಳುವರು. ಪ್ರಶ್ನೆ ನ್ಯಾಯವಾದುದೇ. ಊರ ಹಬ್ಬಕ್ಕೆ ಮನೆಮನೆಯಿಂದ ವಂತಿಗೆ ಎತ್ತುವ ಊರು ನಾಟಕಕ್ಕೂ ಎತ್ತಲಿ. ಖರ್ಚು ಊರಿನದು, ಪಾತ್ರ ಯೋಗ್ಯನದು ಎಂದಾಗಲಿ.

‘ಕಾರಂತರು ಪ್ರತಿಭಾವಂತರು, ನಮ್ಮ ಪಾಡೇನು?’ ಎಂಬುದು ಇನ್ನೊಂದು ಆಕ್ಷೇಪ. ಆದರೆ ಪ್ರತಿಭೆಯೊಂದೇ ಸಾಕೆಂದು ಅವರೇ ಎಣಿಸಲಿಲ್ಲ. 1989ರಲ್ಲಿ ಅವರ ಹಿರಿತನದಲ್ಲಿ ಮೈಸೂರಿನಲ್ಲಿ ಮೊದಲಾದ ‘ರಂಗಾಯಣ’ವು ನಟರಿಗೆ ಸಂಬಳ ಕೊಟ್ಟು ವರ್ಷಗಟ್ಟಲೆ ಪಳಗಿಸಿತು. ಅವರು 2002ರಲ್ಲಿ ತೀರಿಕೊಂಡರು. ಅಲ್ಲಿ ರಂಗ ಇನ್ನೂ ನಡೆದಿದೆ.

ಮೂಗು ಮುರಿಯುವ ಮಹಾಶಯರೆ, ಮುಂದಿನ ಸುಗ್ಗಿಗೆ ನಿಮ್ಮ ಮನೆಯ ವಂತಿಗೆಯನ್ನು ಮೊದಲು ಕೊಡಿರಿ. ಬಳಿಕ ಮುಂದಿನ ಸಾಲಿನಲ್ಲಿ ಕುಳಿತು ಬೆಳಗಿನವರೆಗೂ ನೋಡಿರಿ. ಆಮೇಲೆ ಟೀಕಿಸುವ ಹಕ್ಕು ನಿಮಗುಂಟು.