ಎಲ್ಲರ ಲೆಕ್ಕ ಬರೆದವನ ಲೆಕ್ಕ

1989ರ ನವೆಂಬರ್ 13. ಬರ್ಲಿನ್ ಗೋಡೆ ತೆರೆದುಕೊಂಡು ಇನ್ನೂ ನಾಲ್ಕೇ ದಿನವಾಗಿತ್ತು. ಪೂರ್ವ ಜರ್ಮನಿಯ ಸಂಸತ್ತಿನಲ್ಲಿ 81 ವರ್ಷದ ಮುದುಕನೊಬ್ಬ ಮಾತಿಗೆ ನಿಂತ. ಆತನ ಹೆಸರು ಬಂದರೆ ಸಾಕು, ಮೂವತ್ತೆರಡು ವರ್ಷಗಳ ಕಾಲ ಇಡೀ ದೇಶ ದನಿ ತಗ್ಗಿಸುತ್ತಿತ್ತು. ಅಂದು ಮಾತ್ರ ಟಿ.ವಿ.ಯಲ್ಲಿ ನೇರ ಪ್ರಸಾರ ನಡೆಯುತ್ತಿತ್ತು, ದೇಶವೆಲ್ಲ ಕಣ್ಣರಳಿಸಿ ನೋಡುತ್ತಿತ್ತು. ದುಡಿಯುವ ಜನರೊಂದಿಗೆ ತನ್ನ ಇಲಾಖೆಗೆ ಅಸಾಧಾರಣ ಸಂಪರ್ಕವಿದೆ ಎಂದು ಮುದುಕ ಹೇಳಿದ. ಸಭೆ ನಕ್ಕಿತು. ಮಾತುಮಾತಿಗೂ ‘ಕಾಮ್ರೇಡ್‌ಗಳೇ’ ಎನ್ನುತ್ತಿದ್ದವನನ್ನು ಸದಸ್ಯರೊಬ್ಬರು ತಡೆದು, ‘ಇಲ್ಲಿರುವವರೆಲ್ಲ ಕಾಮ್ರೇಡ್‌ಗಳಲ್ಲ’ ಎಂದು ಆಕ್ಷೇಪಿಸಿದರು. ಆತ ತಬ್ಬಿಬ್ಬಾಗಿ ಕೈಯೆತ್ತಿ ತೊದಲಿದ: ‘ನಾನು ಎಲ್ಲರನ್ನೂ ಪ್ರೀತಿಸುತ್ತೇನೆ... ಎಲ್ಲ ಮನುಷ್ಯರನ್ನೂ...’

ಸಭೆ ಗೊಳ್ಳೆಂದಿತು. ದಶಕಗಳ ಭಯ ಆ ಒಂದು ನಗೆಯಲ್ಲಿ ಒಡೆದುಹೋಯಿತು.

ಆ ಮುದುಕನೇ ಎರಿಕ್ ಮೀಲ್ಕೆ. ‘ಸ್ಟಾಸಿ’ ಎಂದು ಜಗತ್ತೇ ಗುರುತಿಸುವ ಪೂರ್ವ ಜರ್ಮನಿಯ ಗುಪ್ತಚರ ಇಲಾಖೆಯ ಯಜಮಾನ.

ಮೀಲ್ಕೆ ಹುಟ್ಟಿದ್ದು 1907ರಲ್ಲಿ, ಬರ್ಲಿನ್‌ನ ವೆಡಿಂಗ್ ಎಂಬ ಕಾರ್ಮಿಕರ ಕೇರಿಯಲ್ಲಿ. ಬಡತನದ ಮನೆ. ಹುಡುಗ ಚುರುಕು. ಹರೆಯದಲ್ಲೇ ಕಮ್ಯುನಿಸ್ಟ್ ಪಕ್ಷ ಸೇರಿ ಅದರ ಪತ್ರಿಕೆಯ ವರದಿಗಾರನಾದ. ನಾಜಿಗಳು, ಕಮ್ಯುನಿಸ್ಟರು, ಪೊಲೀಸರು ಬೀದಿಬೀದಿಯಲ್ಲಿ ಹೊಡೆದಾಡುತ್ತಿದ್ದ ಕಾಲ ಅದು. 1931ರ ಆಗಸ್ಟ್ 9ರಂದು ಬ್ಯೂಲೋ ಚೌಕದಲ್ಲಿ ಪೌಲ್ ಅನ್ಲಾಫ್, ಫ್ರಾನ್ಸ್ ಲೆಂಕ್ ಎಂಬ ಇಬ್ಬರು ಪೊಲೀಸ್ ಅಧಿಕಾರಿಗಳನ್ನು ಹಿಂದಿನಿಂದ ಗುಂಡು ಹೊಡೆದು ಕೊಲ್ಲಲಾಯಿತು. ಗುಂಡು ಹಾರಿಸಿದ ಇಬ್ಬರು ಯುವಕರಲ್ಲಿ ಮೀಲ್ಕೆ ಒಬ್ಬ. ಪಕ್ಷವೇ ಆತನನ್ನು ಗುಟ್ಟಾಗಿ ಸೋವಿಯತ್ ದೇಶಕ್ಕೆ ದಾಟಿಸಿತು.

ಅಲ್ಲಿಂದ ಮುಂದೆ ಹೆಸರು ಬದಲಿಸಿ ಬದುಕುವ ವಿದ್ಯೆ. ಮಾಸ್ಕೋದ ಲೆನಿನ್ ಶಾಲೆಯಲ್ಲಿ ತರಬೇತಿ, ಸ್ಪೇನ್‌ನ ಅಂತರ್ಯುದ್ಧದಲ್ಲಿ ಒಂದು ಹೆಸರು, ಮಹಾಯುದ್ಧದ ಕಾಲದ ಫ್ರಾನ್ಸ್‌ನಲ್ಲಿ ಇನ್ನೊಂದು. 1945ರಲ್ಲಿ ಬರ್ಲಿನ್‌ಗೆ ಮರಳಿದಾಗ ಸೋವಿಯತ್ ವಲಯದಲ್ಲಿ ಪೊಲೀಸ್ ಕೆಲಸ ಸಿಕ್ಕಿತು. ಕೊಲೆ ಆರೋಪ ಹೊತ್ತು ಓಡಿಹೋದವನು ಪೊಲೀಸನಾಗಿ ವಾಪಸಾದ! 1947ರಲ್ಲಿ ಹಳೆಯ ಪ್ರಕರಣ ತಲೆಯೆತ್ತಿ ಬಂಧನದ ವಾರಂಟ್ ಹೊರಟಿತು. ಸೋವಿಯತ್ ಅಧಿಕಾರಿಗಳು ಕಡತವನ್ನೇ ಎತ್ತಿಕೊಂಡರು. ವಾರಂಟ್ ಅಲ್ಲಿಗೇ ನಿಂತಿತು.

1950ರ ಫೆಬ್ರುವರಿಯಲ್ಲಿ ಸ್ಟಾಸಿ ಹುಟ್ಟಿತು. ಮೀಲ್ಕೆ ಮೊದಲ ದಿನದಿಂದಲೂ ಅದರೊಳಗಿದ್ದ. 1953ರ ಜೂನ್ 17ರಂದು ಕಾರ್ಮಿಕರೇ ಕಾರ್ಮಿಕರ ಸರ್ಕಾರದ ವಿರುದ್ಧ ಬೀದಿಗಿಳಿದರು. ಸೋವಿಯತ್ ಟ್ಯಾಂಕುಗಳು ಬಂದು ದಂಗೆಯನ್ನು ಅಡಗಿಸಿದವು. ಮುನ್ಸೂಚನೆ ಕೊಡಲಾಗದ ಗುಪ್ತಚರ ಮಂತ್ರಿ ಮನೆಗೆ ಹೋದ. ಆತನ ನಂತರ ಬಂದವನೂ ಹೋದ. 1957ರಲ್ಲಿ ಕುರ್ಚಿ ಮೀಲ್ಕೆಯದಾಯಿತು. ಜೂನ್ 17 ಮತ್ತೆಂದೂ ಬರಬಾರದು, ಅದಕ್ಕಾಗಿ ಎಲ್ಲರ ಬಗ್ಗೆ ಎಲ್ಲವೂ ಗೊತ್ತಿರಬೇಕು. ಆತನ ಆಡಳಿತದ ಸಾರವೆಲ್ಲ ಇಷ್ಟೇ.

ಆ ‘ಎಲ್ಲವೂ’ ಎಂಬುದರ ಗಾತ್ರ ನೋಡಿ. ದೇಶದ ಜನಸಂಖ್ಯೆ ಒಂದು ಕೋಟಿ 60 ಲಕ್ಷ ಚಿಲ್ಲರೆ. 1989ರ ಹೊತ್ತಿಗೆ ಸ್ಟಾಸಿಯ ಸಂಬಳದ ನೌಕರರು 91,000. ಗುಟ್ಟಾಗಿ ಸುದ್ದಿ ಮುಟ್ಟಿಸುವವರು 1,70,000ಕ್ಕೂ ಹೆಚ್ಚು. ಅಂದರೆ ಅರುವತ್ತು ಚಿಲ್ಲರೆ ಜನರಿಗೆ ಒಬ್ಬ! ಅಂಚೆ ಕಾಗದಗಳನ್ನು ಆವಿ ಹಿಡಿದು ಬಿಡಿಸಿ, ಓದಿ, ಮತ್ತೆ ಅಂಟಿಸಿ ಕಳಿಸುತ್ತಿದ್ದರು. ವಿಚಾರಣೆಗೆ ಕರೆತಂದವರು ಕೂತ ಕುರ್ಚಿಯ ಮೇಲಿನ ಬಟ್ಟೆಯನ್ನು ತೆಗೆದು, ನಾಯಿಗಳಿಗೆ ಮೂಸಿಸಲೆಂದು ಗಾಜಿನ ಜಾಡಿಗಳಲ್ಲಿ ಮುಚ್ಚಿಡುತ್ತಿದ್ದರು. ನಮ್ಮ ಮನೆಗಳಲ್ಲಿ ಉಪ್ಪಿನಕಾಯಿ ಇಟ್ಟಂತೆ ಅಲ್ಲಿ ಮನುಷ್ಯರ ಮೈವಾಸನೆ ಇಟ್ಟಿದ್ದರು.

ಮೊದಮೊದಲು ಹೊಡೆತ, ಬಡಿತ, ಸೆರೆಮನೆ ಇದ್ದವು. ಹೊರದೇಶಗಳಲ್ಲಿ ಹೆಸರು ಕೆಡತೊಡಗಿದಾಗ ವಿಧಾನ ನಾಜೂಕಾಯಿತು. ವಿರೋಧಿಯನ್ನು ಒಳಗಿನಿಂದಲೇ ಕೊಳೆಯಿಸುವ ಕ್ರಮಕ್ಕೆ 1976ರಲ್ಲಿ ಲಿಖಿತ ನಿಯಮಾವಳಿಯೇ ಬಂತು. ಆತನ ಬಗ್ಗೆ ಗಾಳಿಸುದ್ದಿ ಹಬ್ಬಿಸುವುದು, ಕೆಲಸದಲ್ಲಿ ಸೋಲುವಂತೆ ಮಾಡುವುದು, ಗೆಳೆಯರ ನಡುವೆ ಅನುಮಾನ ಬಿತ್ತುವುದು. ಯಾರಿಲ್ಲದಾಗ ಮನೆ ಹೊಕ್ಕು ಸಾಮಾನುಗಳನ್ನು ಅತ್ತಿತ್ತ ಸರಿಸಿ ಬರುವುದೂ ಉಂಟು. ತನಗೇ ಹುಚ್ಚು ಹಿಡಿಯಿತೇ ಎಂದು ಆತ ಅನುಮಾನಪಡಬೇಕು. ಮೈಮೇಲೆ ಗಾಯವಿಲ್ಲ, ದೂರು ಕೊಡಲು ಸಾಕ್ಷಿಯಿಲ್ಲ.

ಇಷ್ಟೆಲ್ಲ ನಡೆಸುತ್ತಿದ್ದವನ ದಿನಚರಿಯೂ ಕಡತದಂತೆಯೇ ಇತ್ತು. ಬೆಳಗಿನ ತಿಂಡಿಯ ತಟ್ಟೆಯನ್ನು ಹೇಗೆ ಜೋಡಿಸಬೇಕೆಂದು ಕಾರ್ಯದರ್ಶಿ ಒಂದು ಕಾರ್ಡಿನಲ್ಲಿ ನಕ್ಷೆ ಬರೆದಿಟ್ಟಿದ್ದಳು. ಮೊಟ್ಟೆ ನಾಲ್ಕೂವರೆ ನಿಮಿಷ ಬೇಯಬೇಕು. ಫುಟ್‌ಬಾಲ್ ಎಂದರೆ ಪ್ರಾಣ. ಆತನ ಕೃಪೆಯಲ್ಲಿದ್ದ ಬರ್ಲಿನ್‌ನ ಡೈನಮೋ ತಂಡ 1979ರಿಂದ 1988ರವರೆಗೆ ಸತತ ಹತ್ತು ಸಲ ಲೀಗ್ ಗೆದ್ದಿತು. ರೆಫರಿಗಳ ಸೀಟಿ ಯಾರ ಕಡೆಗೆ ಎಂದು ಪ್ರೇಕ್ಷಕರು ಗೊಣಗುತ್ತಿದ್ದರು. ಆದರೆ ತನ್ನವರೇ ದಾರಿ ತಪ್ಪಿದರೆ ದಯೆಯಿಲ್ಲ. ಪಶ್ಚಿಮಕ್ಕೆ ಓಡಿಹೋಗಲು ಹೊಂಚು ಹಾಕಿದ್ದ ವರ್ನರ್ ಟೆಸ್ಕೆ ಎಂಬ ಸ್ಟಾಸಿ ಅಧಿಕಾರಿಯನ್ನು 1981ರಲ್ಲಿ ತಲೆಯ ಹಿಂಭಾಗಕ್ಕೆ ಗುಂಡಿಟ್ಟು ಕೊಂದರು. ಆ ದೇಶ ಕೊಟ್ಟ ಕೊನೆಯ ಮರಣದಂಡನೆ ಅದು.

ಮೇಲಿನವರೂ ಲೆಕ್ಕದಿಂದ ಹೊರಗಿರಲಿಲ್ಲ. ದೇಶದ ಮುಖ್ಯಸ್ಥ ಎರಿಕ್ ಹೊನೆಕರ್ ನಾಜಿ ಕಾಲದಲ್ಲಿ ಸೆರೆ ಸಿಕ್ಕಿದ್ದಾಗಿನ ವಿಚಾರಣೆಯ ಕಾಗದಗಳು ಮೀಲ್ಕೆಯ ಕಚೇರಿಯಲ್ಲಿ ಒಂದು ಕೆಂಪು ಸೂಟ್‌ಕೇಸಿನಲ್ಲಿ ಬೆಚ್ಚಗಿದ್ದವು. ಬೇಟೆಗೆ ಒಟ್ಟಿಗೆ ಹೋಗುತ್ತಿದ್ದ ಗೆಳೆಯನ ಮೇಲೂ ಒಂದು ಕಣ್ಣು!

ಇಷ್ಟೆಲ್ಲ ಗೊತ್ತಿದ್ದವನಿಗೆ ಗೊತ್ತಾಗದೆ ಹೋದದ್ದೇನು? 1989ರ ಆಗಸ್ಟ್ 31ರಂದು ಜಿಲ್ಲೆಗಳ ಅಧಿಕಾರಿಗಳನ್ನು ಕೂಡಿಸಿಕೊಂಡು ಮೀಲ್ಕೆ ಕೇಳಿದ: ‘ಅಂದರೆ ನಾಳೆ ಜೂನ್ 17 ಶುರುವಾಗುತ್ತದೆಯೇ?’ ಒಬ್ಬ ಅಧಿಕಾರಿ ಧೈರ್ಯ ಹೇಳಿದ: ನಾಳೆ ಹಾಗೇನೂ ಆಗುವುದಿಲ್ಲ, ಅದಕ್ಕಾಗಿಯೇ ಅಲ್ಲವೇ ನಾವಿರುವುದು? ಹತ್ತೇ ವಾರ. ಗೋಡೆ ಉಳಿಯಲಿಲ್ಲ. ಜನ ಏನು ಮಾತಾಡುತ್ತಾರೆ, ಎಲ್ಲಿ ಸೇರುತ್ತಾರೆ, ಯಾರ ಮನೆಯಲ್ಲಿ ಮಲಗುತ್ತಾರೆ ಎಂಬುದೆಲ್ಲ ಕಡತದಲ್ಲಿತ್ತು. ಜನರಿಗೆ ಏಕೆ ಸಾಕಾಗಿದೆ ಎಂಬುದಕ್ಕೆ ಅಲ್ಲಿ ಅಂಕಣವೇ ಇರಲಿಲ್ಲ. ಇದ್ದರೂ ಅದನ್ನು ತುಂಬಿ ಮೇಲಕ್ಕೆ ಕಳಿಸುವ ಎದೆಗಾರಿಕೆ ಯಾರಿಗಿತ್ತು? ಭಯ ಕೆಳಗಿನವರನ್ನು ಬಾಯಿ ಮುಚ್ಚಿಸುವಾಗ ಮೇಲಿನವನ ಕಿವಿಯನ್ನೂ ಮುಚ್ಚಿಬಿಡುತ್ತದೆ.

ಡಿಸೆಂಬರ್ 7ರಂದು ಮೀಲ್ಕೆಯ ಬಂಧನವಾಯಿತು. ಕಾಗದ ನಾಶಮಾಡುವ ಯಂತ್ರಗಳು ಸಾಲದೆ ಸ್ಟಾಸಿ ನೌಕರರು ಕೈಯಲ್ಲೇ ಕಡತ ಹರಿಯತೊಡಗಿದ್ದರು. 1990ರ ಜನವರಿ 15ರಂದು ಜನ ಬರ್ಲಿನ್‌ನ ಕೇಂದ್ರ ಕಚೇರಿಗೆ ನುಗ್ಗಿದರು. ಹರಿದ ಚೂರುಗಳೇ ಸುಮಾರು 16,000 ಚೀಲ ಸಿಕ್ಕವು. ಉಳಿದ ಕಡತಗಳನ್ನು ಸಾಲಾಗಿ ನಿಲ್ಲಿಸಿದರೆ 111 ಕಿಲೋಮೀಟರು.

1992ರ ಜನವರಿಯಿಂದ ಜನ ತಮ್ಮತಮ್ಮ ಕಡತ ಓದಲು ಸರದಿ ನಿಂತರು. ಸಂಸದೆ ವೆರಾ ವೋಲೆನ್‌ಬರ್ಗರ್ ಸ್ಟಾಸಿಯ ಕಾಟ ಅನುಭವಿಸಿ ಸೆರೆಮನೆ ಕಂಡಿದ್ದಾಕೆ. ಆಕೆಯ ಮನೆಯ ಮಾತುಗಳನ್ನು ಮುಟ್ಟಿಸುತ್ತಿದ್ದವನ ಗುಪ್ತನಾಮ ‘ಡೊನಾಲ್ಡ್’. ಆ ಡೊನಾಲ್ಡ್ ಬೇರಾರೂ ಅಲ್ಲ, ಕೈಹಿಡಿದ ಗಂಡ! ಗೋಡೆಗೂ ಕಿವಿಯಿದೆ ಎನ್ನುತ್ತೇವೆ. ಅಲ್ಲಿ ಪಕ್ಕದ ದಿಂಬಿಗೂ ಇತ್ತು.

ಇನ್ನು ನ್ಯಾಯದ ಮಾತು. ಬರ್ಲಿನ್ ಗೋಡೆಯ ಬಳಿಯೇ ಸತ್ತವರು ಕನಿಷ್ಠ 140 ಮಂದಿ. ಸೆರೆಮನೆಗಳಲ್ಲಿ ನವೆದವರು, ಮನಸ್ಸು ಕೆಟ್ಟವರು, ಸಂಸಾರ ಮುರಿದುಕೊಂಡವರು ಲೆಕ್ಕವಿಲ್ಲ. ಇದಕ್ಕೆಲ್ಲ ಮೀಲ್ಕೆಗೆ ಆದ ಶಿಕ್ಷೆ ಏನು? ಏನೂ ಇಲ್ಲ. ಗಡಿ ಸಾವುಗಳ ಮೊಕದ್ದಮೆ ಆತನ ಅನಾರೋಗ್ಯದ ಕಾರಣಕ್ಕೆ ಬಿದ್ದುಹೋಯಿತು. 1993ರ ಅಕ್ಟೋಬರ್‌ನಲ್ಲಿ ಆರು ವರ್ಷ ಸಜೆಯಾದದ್ದು 1931ರ ಆ ಇಬ್ಬರು ಪೊಲೀಸರ ಕೊಲೆಗೆ! ಪುರಾವೆ ಬಂದದ್ದೆಲ್ಲಿಂದ? 1990ರಲ್ಲಿ ಶೋಧಿಸಿದಾಗ ಆತನ ಸ್ವಂತ ತಿಜೋರಿಯಲ್ಲೇ ಆ ಪ್ರಕರಣದ ಹಳೆಯ ದಾಖಲೆಗಳು ಸಿಕ್ಕಿದ್ದವು. ಬ್ಯೂಲೋ ಚೌಕದಲ್ಲಿ ತಾನಿದ್ದೆನೆಂದು ಆತನೇ ಬರೆದುಕೊಟ್ಟಿದ್ದ ಕಾಗದವೂ ಇತ್ತು. ಎಂದೋ ಸುಟ್ಟಿದ್ದರೆ ಮುಗಿದುಹೋಗುತ್ತಿತ್ತು. ಬದುಕಿಡೀ ಕಾಗದ ಕೂಡಿಟ್ಟವನಿಗೆ ತನ್ನ ಕಾಗದವನ್ನೂ ಸುಡಲಾಗಲಿಲ್ಲ.

ಆ ದಾಖಲೆಗಳ ಬಹುಪಾಲು ಸಿದ್ಧವಾದದ್ದು ನಾಜಿ ಕಾಲದ ತನಿಖೆಯಲ್ಲಿ, ಅಲ್ಲಿನ ಹೇಳಿಕೆಗಳನ್ನು ನಂಬುವುದು ಹೇಗೆ ಎಂದು ಆತನ ವಕೀಲರು ವಾದಿಸಿದರು. ತನ್ನ ಕಚೇರಿಯಲ್ಲಿ ಇಂಥ ಎಷ್ಟು ಹೇಳಿಕೆಗಳನ್ನು ಹಿಂಡಿ ತೆಗೆಯಲಾಗಿತ್ತು ಎಂಬುದು ಕಟಕಟೆಯಲ್ಲಿ ಕೂತವನಿಗೆ ನೆನಪಾಯಿತೋ ಇಲ್ಲವೋ. 1995ರಲ್ಲಿ ಮುಪ್ಪು, ಕಾಯಿಲೆಯ ಕಾರಣಕ್ಕೆ ಬಿಡುಗಡೆಯಾಯಿತು. 2000ದ ಮೇ 21ರಂದು ಬರ್ಲಿನ್‌ನ ವೃದ್ಧಾಶ್ರಮದಲ್ಲಿ ಸತ್ತ.

ಆತನ ಕಚೇರಿ ಈಗ ವಸ್ತುಸಂಗ್ರಹಾಲಯ. ಮೇಜು, ಕುರ್ಚಿ, ಟೆಲಿಫೋನುಗಳು ಇದ್ದಲ್ಲೇ ಇವೆ. ತಮ್ಮ ಬಗ್ಗೆ ಏನು ಬರೆದಿತ್ತೆಂದು ನೋಡಲು ಜನ ಸಲ್ಲಿಸಿದ ಅರ್ಜಿಗಳು 30 ಲಕ್ಷ ದಾಟಿವೆ. ಫ್ರೀಡ್ರಿಕ್ಸ್‌ಫೆಲ್ಡೆ ಸ್ಮಶಾನದಲ್ಲಿ ಮೀಲ್ಕೆಯ ಚಿತಾಭಸ್ಮ ಹೂತ ಜಾಗಕ್ಕೆ ಮಾತ್ರ ಗುರುತಿನ ಕಲ್ಲಿಲ್ಲ. ದೇಶದವರೆಲ್ಲರ ಹೆಸರನ್ನೂ ಬರೆಸಿಟ್ಟವನ ಹೆಸರು ಅಲ್ಲಿ ಎಲ್ಲಿಯೂ ಬರೆದಿಲ್ಲ.