ಪರಿಹಾರದ ರೇಟು ಅರ್ಧ ನಾವೇ ಬರೆದಿದ್ದು

ನಿನ್ನೆ ಡೈರಿಗೆ ಹಾಲು ಹಾಕಿ ಬರುವಾಗ ರಸ್ತೆ ಪಕ್ಕದ ಹೊಲದವರು ನಾಲ್ಕು ಜನ ನಿಲ್ಲಿಸಿಕೊಂಡರು. ಸರ್ವೆಯವರು ಬಂದು ಕಲ್ಲು ನೆಟ್ಟು ಹೋಗಿದ್ದಾರೆ. "ಅಣ್ಣಾ, ಎಕರೆಗೆ ಎಷ್ಟು ಕೊಡ್ತಾರಂತೆ?" ಅಂತ ಎಲ್ಲರದೂ ಒಂದೇ ಪ್ರಶ್ನೆ. "ಮೂರು ವರ್ಷದಿಂದ ನಮ್ಮೂರಲ್ಲಿ ಮಾರಾಟ ಆದ ಜಮೀನಿಗೆ ಪತ್ರದಲ್ಲಿ ಎಷ್ಟು ಬರೆಸಿದ್ದೀವಿ?" ಅಂತ ನಾನು ತಿರುಗಿಸಿ ಕೇಳಿದೆ. ಯಾರೂ ಮಾತಾಡಲಿಲ್ಲ.

ಸಿಟ್ಟು ಬಂದ್ರೂ ಪರವಾಗಿಲ್ಲ, ಹೇಳ್ತೀನಿ. ಪರಿಹಾರ ಕಡಿಮೆ ಬರೋದಕ್ಕೆ ಸರ್ಕಾರ ಒಂದೇ ಕಾರಣ ಅಲ್ಲ, ನಾವೂ ಕಾರಣ.

2013ರ ಭೂಸ್ವಾಧೀನ ಕಾಯ್ದೆಯ 26ನೇ ಸೆಕ್ಷನ್ ನೋಡಿ. ಮಾರುಕಟ್ಟೆ ಬೆಲೆ ಕಟ್ಟೋಕೆ ಮುಖ್ಯವಾಗಿ ಎರಡು ದಾರಿ. ಒಂದು ಗೈಡೆನ್ಸ್ ವ್ಯಾಲ್ಯೂ. ಇನ್ನೊಂದು, ಹಿಂದಿನ ಮೂರು ವರ್ಷದಲ್ಲಿ ಅಕ್ಕಪಕ್ಕ ಅದೇ ಥರದ ಜಮೀನಿನ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆಯ ಅರ್ಧದಷ್ಟನ್ನು ಆರಿಸಿ ಅವುಗಳ ಸರಾಸರಿ. ಎರಡರಲ್ಲಿ ಯಾವುದು ಜಾಸ್ತಿಯೋ ಅದು. ಹಳ್ಳಿ ಜಮೀನಾದರೆ ಅದನ್ನು 1ರಿಂದ 2ರವರೆಗೆ ಸರ್ಕಾರ ನಿಗದಿ ಮಾಡಿದ ಅಂಕಿಯಿಂದ ಗುಣಿಸ್ತಾರೆ. ಮರ, ಬೋರ್‌ವೆಲ್, ಮನೆ ಬೆಲೆ ಸೇರಿಸ್ತಾರೆ. ಬಂದ ಮೊತ್ತಕ್ಕೆ ಅಷ್ಟೇ ಮೊತ್ತ ಸೊಲೇಷಿಯಂ, ಅಂದ್ರೆ ನೂರಕ್ಕೆ ನೂರು. ಜೊತೆಗೆ ಮಾರುಕಟ್ಟೆ ಬೆಲೆ ಮೇಲೆ ವರ್ಷಕ್ಕೆ ಶೇ. 12.

ಈಗ ನನ್ನದೇ ತಪ್ಪು ಹೇಳ್ತೀನಿ. ಎರಡು ವರ್ಷದ ಹಿಂದೆ ಪಕ್ಕದ ಒಂದೆಕರೆಗೆ 25 ಲಕ್ಷ ಕೊಟ್ಟು 10 ಲಕ್ಷಕ್ಕೆ ಪತ್ರ ಮಾಡಿಸಿದೆ. ಸ್ಟ್ಯಾಂಪು, ರಿಜಿಸ್ಟ್ರೇಷನ್ ಸೇರಿ ಸುಮಾರು ಒಂದು ಲಕ್ಷ ಉಳೀತು ಅಂತ ಖುಷಿ ಆಗಿತ್ತು. ಗುಣಕ 1.5, ಮರಗಳ ಬೆಲೆ 2 ಲಕ್ಷ ಅಂತ ಇಟ್ಕೊಳ್ಳಿ. 10 ಲಕ್ಷದ ಲೆಕ್ಕದಲ್ಲಿ 15 ಸೇರಿಸು 2, ಅಂದ್ರೆ 17. ಸೊಲೇಷಿಯಂ ಸೇರಿ 34 ಲಕ್ಷ. 25 ಲಕ್ಷದ ಲೆಕ್ಕದಲ್ಲಿ 37.5 ಸೇರಿಸು 2, ಅಂದ್ರೆ 39.5, ಸೊಲೇಷಿಯಂ ಸೇರಿ 79 ಲಕ್ಷ. ಒಂದು ಲಕ್ಷ ಉಳಿಸೋಕೆ ಹೋಗಿ ಎಕರೆಗೆ 45 ಲಕ್ಷದ ದಾರಿ ಮುಚ್ಚಿದ ಹಾಗಾಯ್ತು. ನನ್ನ ಪತ್ರ ನನ್ನನ್ನಷ್ಟೇ ಕೆಡಿಸಲ್ಲ, ಪಕ್ಕದವರ ಸರಾಸರಿಯನ್ನೂ ಎಳೆದು ಕೆಳಗೆ ಹಾಕುತ್ತೆ.

ಹಾಗಂತ ಸರ್ಕಾರ ಕೈ ತೊಳ್ಕೊಳ್ಳೋ ಹಾಗಿಲ್ಲ. ಸ್ವಾಧೀನ ಶುರು ಮಾಡೋ ಮುಂಚೆ ಆ ಪ್ರದೇಶದ ಬೆಲೆಯನ್ನು ಈಗಿನ ಮಾರುಕಟ್ಟೆಗೆ ತಕ್ಕಂತೆ ಪರಿಷ್ಕರಿಸಬೇಕು ಅಂತ ಅದೇ 26ನೇ ಸೆಕ್ಷನ್ ಜಿಲ್ಲಾಧಿಕಾರಿಗೆ ಹೇಳುತ್ತೆ. ಗೈಡೆನ್ಸ್ ವ್ಯಾಲ್ಯೂ ಕಡಿಮೆ ಇಟ್ಟು, ಅದಕ್ಕೇ ಪತ್ರ ಮಾಡಿಸೋ ಅಭ್ಯಾಸ ಬೆಳೆಯೋಕೆ ಬಿಟ್ಟು, ಆಮೇಲೆ "ನಿಮ್ಮ ಪತ್ರದಲ್ಲೇ ಇದೆಯಲ್ಲ" ಅನ್ನೋದು ನ್ಯಾಯ ಅಲ್ಲ. ನಾವು ಮೊದಲು ಕೇಳಬೇಕಾಗಿರೋದು ಇದನ್ನೇ, ಬರವಣಿಗೆಯಲ್ಲಿ.

ಹೋರಾಡಿ ಭೂಮಿ ಉಳಿಸಿಕೊಂಡವರೂ ಇದ್ದಾರೆ. ದೇವನಹಳ್ಳಿ ತಾಲ್ಲೂಕು ಚನ್ನರಾಯಪಟ್ಟಣ ಹೋಬಳಿಯ 1,777 ಎಕರೆ ಸ್ವಾಧೀನವನ್ನು 2025ರ ಜುಲೈನಲ್ಲಿ ಸರ್ಕಾರ ಕೈಬಿಟ್ಟಿತು. ಆದರೆ ನಮ್ಮಂಥ ಉದ್ದನೆ ರಸ್ತೆ ಕೆಲಸದಲ್ಲಿ ತಲಾ ಹತ್ತು-ಇಪ್ಪತ್ತು ಗುಂಟೆ ಹೋಗೋದು. ಒಬ್ಬೊಬ್ಬರೇ ನಿಂತ್ರೆ ದನಿ ಕೇಳಲ್ಲ.

ಈಗ ಮಾಡಬೇಕಾದ ಕೆಲಸ:

ಪಹಣಿ ತೆಗೆಸಿ ನೋಡಿ. ಹೊಲದಲ್ಲಿ ಅಡಿಕೆ ಫಸಲು ಬರ್ತಿದ್ದು ಪಹಣಿಯಲ್ಲಿ ರಾಗಿ ಅಂತಿದ್ರೆ ಬೆಳೆ ಸಮೀಕ್ಷೆಯಲ್ಲಿ ಸರಿ ಮಾಡಿಸಿ. ಅಜ್ಜನ ಹೆಸರಲ್ಲೇ ಇದ್ದರೆ ಪೌತಿ ಖಾತೆಗೆ ಅರ್ಜಿ ಕೊಡಿ. ಅಣ್ಣತಮ್ಮ, ಅಕ್ಕತಂಗಿಯರ ಪಾಲಿನ ತಕರಾರು ಈಗಲೇ ಕೂತು ಮುಗಿಸಿ. ಇಲ್ಲಾಂದ್ರೆ ದುಡ್ಡು ಕೈಗೆ ಬರದೆ ಠೇವಣಿಯಲ್ಲಿ ಕೊಳೆಯುತ್ತೆ.

ಜಂಟಿ ಅಳತೆ ದಿನ ಹೊಲದಲ್ಲೇ ಇರಿ. ಮರ ನೀವೇ ಎಣಿಸಿ, ಫೋಟೊ ತೆಗೀರಿ. ಪೈಪ್‌ಲೈನ್ ಬಿಟ್ಟಿದ್ರೆ ಅಲ್ಲೇ ಬರೆಸಿ.

ಚೆಕ್ಕು ತಗೊಳ್ಳುವಾಗ "ಆಕ್ಷೇಪಣೆ ಸಹಿತ ಪಡೆದಿದ್ದೇನೆ" ಅಂತ ಬರೆದೇ ಸಹಿ ಹಾಕಿ. 2013ರ ಕಾಯ್ದೆಯಲ್ಲಿ ಆಕ್ಷೇಪಣೆ ಇಲ್ಲದೆ ತಗೊಂಡವರಿಗೆ ಜಾಸ್ತಿ ಕೇಳೋ ಹಕ್ಕು ಹೋಗುತ್ತೆ. ಅವಾರ್ಡ್ ದಿನ ಹಾಜರಿದ್ದವರಿಗೆ ಅರ್ಜಿ ಹಾಕೋಕೆ ಆರೇ ವಾರ. ರಾಷ್ಟ್ರೀಯ ಹೆದ್ದಾರಿಯಾದರೆ ಪರಿಹಾರದ ಲೆಕ್ಕ 2015ರಿಂದ ಇದೇ, ಆದರೆ ತಕರಾರು ಮಧ್ಯಸ್ಥಗಾರರ ಮುಂದೆ. ಪ್ರಕಟಣೆ ಆದ ಮೇಲೆ ಆಕ್ಷೇಪಣೆಗೆ 21 ದಿನ ಮಾತ್ರ.

ಇನ್ನು ಮುಂದೆ ಕೊಟ್ಟ ಬೆಲೆಗೇ ಪತ್ರ ಮಾಡಿಸೋಣ. ಅಧಿಸೂಚನೆ ಆದ ಮೇಲೆ ಜಾಸ್ತಿ ಬರೆಸಿದ್ರೆ ಕೆಲಸಕ್ಕೆ ಬರಲ್ಲ, ಈಗ ಕಲ್ಲು ಬಿದ್ದವರಿಗೆ ತಡವಾಯ್ತು. ಅವರಿಗೆ ಉಳಿದಿರೋ ದಾರಿ, ಅಕ್ಕಪಕ್ಕದ ಊರಲ್ಲಿ ನಿಜವಾದ ಬೆಲೆಗೆ ಆದ ಪತ್ರ ಹುಡುಕೋದು. ಅಂಥ ಪತ್ರ ನಿಮ್ಮ ಹತ್ರ ಇದ್ರೆ ಬಚ್ಚಿಡಬೇಡಿ. ಒಂದು ಜೆರಾಕ್ಸ್ ತಗೊಂಡು ಭಾನುವಾರ ಬೆಳಿಗ್ಗೆ ಡೈರಿ ಹತ್ರ ಬನ್ನಿ. ನಾನು ನನ್ನ 10 ಲಕ್ಷದ ಪತ್ರಾನೂ ತರ್ತೀನಿ, ಹೇಗೆ ಮಾಡಿಸಬಾರದು ಅಂತ ತೋರಿಸೋಕೆ.