ಮೊಣಕೈಯಿಂದ ಕೇಳುವ ಸಂಗೀತ

ಅಮೆರಿಕದ ಕಲಾವಿದೆ ಲಾರಿ ಆಂಡರ್ಸನ್ ಅವರ ಹೆಸರನ್ನು ನಮ್ಮ ವಿಜ್ಞಾನ ವಿದ್ಯಾರ್ಥಿಗಳಲ್ಲಿ ಬಹುಮಂದಿ ಕೇಳಿರಲಾರರು. 1947ರಲ್ಲಿ ಷಿಕಾಗೊದಲ್ಲಿ ಜನಿಸಿದ ಈಕೆ ಶಿಲ್ಪಕಲೆಯಲ್ಲಿ ಶಿಕ್ಷಣ ಪಡೆದು, ಮುಂದೆ ಚಿತ್ರ, ಸಂಗೀತ, ಕಥನ, ರಂಗಪ್ರದರ್ಶನಗಳನ್ನು ಒಂದರೊಳಗೊಂದು ಬೆರೆಸಿಕೊಂಡು ಬಂದವರು. ಇಂತಹವರ ವಿಚಾರ ವಿಜ್ಞಾನದ ಪತ್ರಿಕೆಗೆ ಏತಕ್ಕೆಂದು ವಾಚಕರು ಕೇಳಬಹುದು. ಉತ್ತರವಾಗಿ ಒಂದು ಮೇಜಿನ ವೃತ್ತಾಂತವನ್ನು ಹೇಳುತ್ತೇನೆ.

ಒಮ್ಮೆ ಆಕೆ ವಿದ್ಯುತ್ ಬೆರಳಚ್ಚು ಯಂತ್ರದ ಮುಂದೆ ಕುಳಿತು ಏನನ್ನೋ ಬರೆಯುತ್ತಿದ್ದರಂತೆ. ಬರಹ ಸಾಗಲಿಲ್ಲ. ಬೇಸತ್ತು, ಮೊಣಕೈಗಳನ್ನು ಮೇಜಿನ ಮೇಲೂರಿ, ಅಂಗೈಗಳ ನಡುವೆ ತಲೆಯನ್ನಿಟ್ಟರು. ಒಡನೆಯೇ ಯಂತ್ರದ ಮೊರೆತ ಬಹು ಗಟ್ಟಿಯಾಗಿ ಕೇಳಿಸಿತು. ನಾವಾಗಿದ್ದರೆ ಎದ್ದು ಕಾಫಿಗೆ ಹೋಗುತ್ತಿದ್ದೆವು. ಆಕೆ ಆ ಸದ್ದಿನ ಜಾಡು ಹಿಡಿದು 1978ರಲ್ಲಿ ‘ಹ್ಯಾಂಡ್‌ಫೋನ್ ಟೇಬಲ್’ ಎಂಬ ಕೃತಿಯನ್ನು ರಚಿಸಿದರು. ನೋಡುವುದಕ್ಕೆ ಅದೊಂದು ಮರದ ಮೇಜು. ಮುದ್ರಿತ ಧ್ವನಿಯನ್ನು ನುಡಿಸುವ ಸಲಕರಣೆ ಅದರೊಳಗೆ ಅಡಗಿದೆ. ಮೊಣಕೈಯೂರಿ, ಅಂಗೈಗಳಿಂದ ಕಿವಿ ಮುಚ್ಚಿ ಕುಳಿತವರಿಗೆ ಸಂಗೀತವು ತಲೆಯೊಳಗೇ ಹುಟ್ಟಿದಂತೆ ಕೇಳುತ್ತದೆ.

ಇದರಲ್ಲಿ ಮಾಯೆಯೇನೂ ಇಲ್ಲ. ಗಟ್ಟಿ ಪದಾರ್ಥದ ಕಂಪನದಲ್ಲಿ ಗಾಳಿಗೆ ದಾಟುವುದು ಅತ್ಯಲ್ಪಾಂಶ. ಎರಡರ ಸಾಂದ್ರತೆಗಳಲ್ಲಿ ಅಷ್ಟು ಅಂತರವಿದೆ. ಮರದಿಂದ ಮೂಳೆಗೆ ದಾಟುವುದು ಅದಕ್ಕಿಂತ ಬಹು ಸುಲಭ. ಕೈಯ ಮೂಳೆಗಳ ಮೂಲಕ ಏರಿದ ಕಂಪನವು ತಲೆಬುರುಡೆಯನ್ನು ಸೇರಿ, ಕಿವಿಯ ತಮಟೆಯ ಹಂಗಿಲ್ಲದೆ ಒಳಗಿವಿಯನ್ನು ಮುಟ್ಟುತ್ತದೆ. 1977ರಲ್ಲಿ ಆಕೆ ನಿರ್ಮಿಸಿದ ಪಿಟೀಲೂ ಇಂತಹುದೇ: ಕಮಾನಿನಲ್ಲಿ ಕುದುರೆ ಕೂದಲಿನ ಬದಲು ಧ್ವನಿಮುದ್ರಿತ ಕಾಂತಪಟ್ಟಿ, ಕುದುರೆಯ ಮೇಲೆ, ಎಂದರೆ ತಂತಿಗಳನ್ನು ಹೊರುವ ಮರದ ತುಂಡಿನ ಮೇಲೆ, ಅದನ್ನು ಓದುವ ಟೇಪಿನ ತಲೆ. ಕಮಾನನ್ನು ಹಿಂದಕ್ಕೆಳೆದರೆ ಮಾತು ತಿರುಗುಮುರುಗಾಗುತ್ತದೆ.

ಆಕೆಯ ಎಲ್ಲ ಪ್ರದರ್ಶನಗಳೂ ನನಗೆ ರುಚಿಸುತ್ತವೆಂದು ಹೇಳಲಾರೆ. ಆದರೆ ಕಲಾವಿದರಿಗೆ ವಿಜ್ಞಾನಾಲಯಗಳಲ್ಲಿ ಏನು ಕೆಲಸವೆಂಬ ಆಕ್ಷೇಪಣೆಯನ್ನು ನಾನು ಒಪ್ಪುವುದಿಲ್ಲ. 2003ರಲ್ಲಿ ನಾಸಾ ಸಂಸ್ಥೆ ಆಕೆಯನ್ನು ತನ್ನ ಪ್ರಥಮ ಆಶ್ರಯಕಲಾವಿದೆಯನ್ನಾಗಿ ನೇಮಿಸಿಕೊಂಡಿತು. ಅದರಿಂದ 2004ರಲ್ಲಿ ‘ದಿ ಎಂಡ್ ಆಫ್ ದಿ ಮೂನ್’ ಎಂಬ ಪ್ರದರ್ಶನ ಹುಟ್ಟಿತು. ಇಂತಹ ನೇಮಕಗಳಿಗೆ ಸಾರ್ವಜನಿಕರ ಹಣ ಸಲ್ಲದೆಂಬ ಕೂಗು ಅಮೆರಿಕದ ಶಾಸನಸಭೆಯಲ್ಲೂ ಎದ್ದಿತು. ರಾಕೆಟ್ಟಿನ ಲೆಕ್ಕಾಚಾರಕ್ಕೆ ಕಲಾವಿದೆಯಿಂದ ಸಹಾಯವಾಗದೆಂಬುದು ನಿಜವೇ. ಆದರೆ ಕಾಣದ್ದನ್ನು ಗಮನಿಸುವ ಅಭ್ಯಾಸ ವಿಜ್ಞಾನಿಗೆ ಬೇಡವೆ?

ನಮ್ಮ ಪ್ರಯೋಗಶಾಲೆಗಳಲ್ಲಿ ನಡೆಯುವುದೇನೆಂಬುದನ್ನು ನಾನು ಬಲ್ಲೆ. ಅನುರಣನ ನಳಿಕೆಯ ಪ್ರಯೋಗಕ್ಕೆ ನಿಲ್ಲುವ ಮೊದಲೇ ಉತ್ತರ ಸೆಕೆಂಡಿಗೆ 340 ಮೀಟರಿನ ಆಸುಪಾಸು ಎಂಬುದು ಎಲ್ಲರಿಗೂ ಗೊತ್ತು. 352 ಬಂದರೆ ಅಳತೆಯನ್ನು ತಿದ್ದುತ್ತಾರೆ. ಅಂದಿನ ಸೆಕೆ ಎಷ್ಟೆಂದು ಕೇಳುವವರಿಲ್ಲ. ಹಿಂದೆ ನಾನೂ ತಿದ್ದಿದವನೇ.

ಈ ಮೇಜಿನ ಸಂಗತಿಯನ್ನು ಓದಿದ ಮೇಲೆ ಒಂದು ದಿನ ತರಗತಿಯಲ್ಲಿ, ಮಿಡಿದ ಶ್ರುತಿಕವೆಯ ಹಿಡಿಯನ್ನು ಮೊಣಕೈಗೆ ಒತ್ತಿ, ಬೆರಳಿನಿಂದ ಕಿವಿ ಮುಚ್ಚಿಕೊಳ್ಳಿರೆಂದೆ. ಮೊದಲು ನಗು, ಬಳಿಕ ಕವೆಗಾಗಿ ಕಿತ್ತಾಟ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಅದನ್ನು ಮೊಣಕೈಯಿಂದ ತೋಳಿನ ಮಾಂಸಖಂಡಕ್ಕೆ ಸರಿಸಿ ನೋಡಿ, “ಸರ್, ಇಲ್ಲಿ ಸದ್ದು ಕಡಮೆಯಾಯಿತು, ಏಕೆ?” ಎಂದಳು. ನಮ್ಮ ಪ್ರಾಯೋಗಿಕ ಪರೀಕ್ಷೆಯಲ್ಲಿ ಆ ಪ್ರಶ್ನೆಗೆ ಅಂಕವಿಲ್ಲ.